ಹೊಡೆದಾಟದ ಕೇಸಿನಲ್ಲಿ ನಾನು ರಾಜಿ ಮಾಡಿಸುವ ಬಗೆ

ತಾಲೂಕು ಕೋರ್ಟಿನ ಕ್ರಿಮಿನಲ್ ವಕೀಲನ ಹತ್ತಿರ ಜಾಸ್ತಿ ಬರುವುದು ಹೊಡೆದಾಟದ ಕೇಸುಗಳೇ. ಹೊಲದ ಬದು, ಓಡಾಡುವ ದಾರಿ, ಜಾತ್ರೆಯ ಜಗಳ. ಒಂದು ಮಳೆಗಾಲ ಕಳೆಯುವಷ್ಟರಲ್ಲಿ ಸಿಟ್ಟು ಇಳಿದಿರುತ್ತದೆ, ಕೇಸು ಮಾತ್ರ ಹಾಗೇ ಇರುತ್ತದೆ. ಆಗ ಎರಡೂ ಕಡೆಯವರು ಬಂದು "ಸರ್, ದೂರು ವಾಪಸ್ ತಗೊಂಡ್‌ಬಿಡ್ತೀವಿ" ಅನ್ನುತ್ತಾರೆ. ಎಫ್‌ಐಆರ್ ಆದ ಮೇಲೆ ಹಾಗೆ ಸುಮ್ನೆ ವಾಪಸ್ ತಗೊಳ್ಳಲು ಬರುವುದಿಲ್ಲ.

ಊರ ಹಿರಿಯರು ಏನು ತೀರ್ಮಾನ ಮಾಡಿದರು ಅನ್ನುವುದನ್ನು ನಾನು ಆಮೇಲೆ ಕೇಳುತ್ತೇನೆ. ಮೊದಲು ನೋಡುವುದು ಚಾರ್ಜ್‌ಶೀಟಿನ ಕಲಂ ಮತ್ತು ವೂಂಡ್ ಸರ್ಟಿಫಿಕೇಟ್, ಅಂದರೆ ಗಾಯ ಎಂಥದು ಎಂದು ಡಾಕ್ಟರು ಬರೆದುಕೊಟ್ಟ ಪತ್ರ. ಘಟನೆ 2024ರ ಜುಲೈ 1ಕ್ಕೆ ಮುಂಚಿನದಾದರೆ ಹಳೆಯ ಭಾರತೀಯ ದಂಡ ಸಂಹಿತೆ (ಐಪಿಸಿ), ಆಮೇಲಿನದಾದರೆ ಅದರ ಜಾಗಕ್ಕೆ ಬಂದ ಭಾರತೀಯ ನ್ಯಾಯ ಸಂಹಿತೆ. ಕೈಯಿಂದ ಹೊಡೆದು ಆದ ಸಾಮಾನ್ಯ ಗಾಯ ಹೊಸ ಸಂಹಿತೆಯ ಕಲಂ 115(2), ಹಳೆಯ 323. ಗಾಯಾಳು ಒಪ್ಪಿದರೆ ರಾಜಿಯಾಗುತ್ತದೆ. ಮೂಳೆ ಅಥವಾ ಹಲ್ಲು ಮುರಿದಿದ್ದರೆ 117(2), ಹಳೆಯ 325. ಅದಕ್ಕೆ ಕೋರ್ಟಿನ ಅನುಮತಿಯೂ ಬೇಕು. ಕುಡುಗೋಲು, ಮಚ್ಚು ಬಂತೋ, 118(1), ಹಳೆಯ 324. ಕೆಳಗಿನ ಕೋರ್ಟಿನಲ್ಲಿ ರಾಜಿಗೆ ದಾರಿಯೇ ಇಲ್ಲ. ವಿಚಿತ್ರ ಅಲ್ವಾ? ಗುದ್ದಿ ಹಲ್ಲು ಮುರಿದವನಿಗೆ 7 ವರ್ಷದವರೆಗೆ ಶಿಕ್ಷೆ ಇದೆ, ಆದರೂ ರಾಜಿ ಆಗಬಹುದು. ಕುಡುಗೋಲಿನಲ್ಲಿ ಗೀರು ಹಾಕಿದವನಿಗೆ 3 ವರ್ಷದವರೆಗೆ, ಆದರೆ ಆಗುವುದಿಲ್ಲ.

ಜನ ಎಡವುವುದು ಸಹಿಯ ವಿಷಯದಲ್ಲಿ. ರಾಜಿ ಮಾಡಿಕೊಳ್ಳುವ ಹಕ್ಕು ಇರುವುದು ಪೆಟ್ಟು ತಿಂದವನಿಗೆ, ದೂರು ಬರೆದುಕೊಟ್ಟವನಿಗಲ್ಲ. ಬದುವಿನ ಒಂದು ಕೇಸಿನಲ್ಲಿ ದೂರು ಅಣ್ಣನದು, ಹಲ್ಲು ಹೋಗಿದ್ದು ತಮ್ಮನದು. ಅಣ್ಣ ಸಹಿ ಹಾಕಲು ಪೆನ್ನು ಹಿಡಿದು ತಯಾರಾಗಿದ್ದ. ತಮ್ಮನನ್ನು ಯಾರೂ ಒಂದು ಮಾತು ಕೇಳಿರಲಿಲ್ಲ. ಅವನನ್ನು ಬೇರೆ ಕೂರಿಸಿ ಕೇಳಿದೆ. ಹಲ್ಲು ಕಟ್ಟಿಸಿದ ಖರ್ಚು ಕೊಡಲಿ, ಬದುವಿನ ಅಳತೆ ಸರ್ವೆಯವರಿಂದ ಆಗಲಿ ಅಂದ. ಎರಡನ್ನೂ ಕಾಗದಕ್ಕೆ ಇಳಿಸಿದ ಮೇಲೇ ಜಂಟಿ ಅರ್ಜಿ ಹಾಕಿದ್ದು. ಮ್ಯಾಜಿಸ್ಟ್ರೇಟರು ಅವನನ್ನೇ ಮುಂದೆ ಕರೆದು, ಯಾರಾದರೂ ಒತ್ತಾಯ ಮಾಡಿದರಾ ಎಂದು ಕೇಳಿದರು. "ಇಲ್ಲ ಸ್ವಾಮಿ, ಇಬ್ಬರಿಗೂ ಒಂದೇ ಬಾವಿ, ದಿನಾ ಮುಖ ನೋಡಬೇಕು" ಅಂದ. ಅನುಮತಿ ಸಿಕ್ಕಿತು. ಗಾಯಾಳುಗಳು ಮೂವರಿದ್ದರೆ ಮೂವರೂ ಹೀಗೆ ಬರಬೇಕು. 18 ತುಂಬದವರಿದ್ದರೆ ಅವರ ಪರವಾಗಿ ಪೋಷಕರು, ಅದೂ ಕೋರ್ಟಿನ ಅನುಮತಿ ಪಡೆದು.

ಹೊಡೆದಾಟದಲ್ಲಿ ಪ್ರತಿದೂರು ಇದ್ದೇ ಇರುತ್ತದೆ. ಎರಡೂ ಕೇಸಿನ ಅರ್ಜಿ ಒಂದೇ ದಿನ ಬಾರದಿದ್ದರೆ ನಾನು ಮುಟ್ಟುವುದಿಲ್ಲ. ಒಂದು ಮುಗಿದು ಇನ್ನೊಂದು ಉಳಿದರೆ, ಉಳಿದದ್ದನ್ನು ಹಿಡಿದುಕೊಂಡು ಆಡಿಸುವವರು ಇದ್ದಾರೆ. ಹಣವೂ ಅಷ್ಟೇ: ಬ್ಯಾಂಕ್ ಮೂಲಕ ಕೊಟ್ಟು ಮೊತ್ತವನ್ನು ಅರ್ಜಿಯಲ್ಲಿ ಬರೆಯಬೇಕು.

118(1) ಇದ್ದರೆ ಕೆಲವರು "ಸಾಕ್ಷಿಗಳು ಉಲ್ಟಾ ಹೇಳಲಿ ಬಿಡಿ" ಅನ್ನುತ್ತಾರೆ. ನಾನು ಹೇಳಿಕೊಡುವುದಿಲ್ಲ. ಪ್ರಮಾಣ ಮಾಡಿ ಸುಳ್ಳು ಹೇಳಿದರೆ ಅದೇ ಇನ್ನೊಂದು ಅಪರಾಧ. ನೇರ ದಾರಿ ಹೈಕೋರ್ಟ್. ಕೇಸನ್ನೇ ರದ್ದು ಮಾಡಿ ಎಂದು ಕೇಳುವ ಅರ್ಜಿ ಅದು: ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 482, ಈಗ ನಾಗರಿಕ ಸುರಕ್ಷಾ ಸಂಹಿತೆಯ 528. ಗ್ಯಾನ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2012ರಲ್ಲೇ ಇದಕ್ಕೆ ದಾರಿ ತೋರಿಸಿದೆ. ಕೊಲೆ ಯತ್ನದ ಕಲಂ ಇದ್ದರೂ, ಪೆಟ್ಟು ಎಲ್ಲಿ ಬಿದ್ದಿದೆ, ಆಯುಧ ಯಾವುದು ಎಂದು ನೋಡಿ ತೀರ್ಮಾನಿಸಬಹುದು ಎಂದು 2014ರ ನರೀಂದರ್ ಸಿಂಗ್ ತೀರ್ಪು ಹೇಳುತ್ತದೆ. ಖರ್ಚು, ಬೆಂಗಳೂರು ಇಲ್ಲವೇ ಧಾರವಾಡ, ಕಲಬುರಗಿಗೆ ಓಡಾಟ ಇದ್ದದ್ದೇ. ಅದನ್ನು ಮೊದಲೇ ಹೇಳಿಬಿಡುತ್ತೇನೆ.

ಕೆಳಗಿನ ಕೋರ್ಟಿನಲ್ಲಿ ರಾಜಿಯಾದರೆ ಕಾನೂನಿನ ಪ್ರಕಾರ ಅದು ಖುಲಾಸೆಯೇ. ಕಕ್ಷಿದಾರರು ಖುಷಿಯಲ್ಲಿ ಕಾಗದ ಮರೆತು ಹೊರಟುಬಿಡುತ್ತಾರೆ. ಆದೇಶದ ದೃಢೀಕೃತ ನಕಲಿಗೆ ಅದೇ ದಿನ ಅರ್ಜಿ ಹಾಕಿಸುತ್ತೇನೆ. ಮಗ ಪೊಲೀಸ್ ವೆರಿಫಿಕೇಶನ್‌ಗೆ ನಿಂತಾಗ ಕೇಳುವುದು ಅದನ್ನೇ.