ಬೆನ್ನ ಹಿಂದಿನ ಕ್ಲಿಪ್ಪು

ಬಳ್ಳಾರಿಯಲ್ಲಿ ಸ್ಟುಡಿಯೋ ಇಟ್ಟವನಿಗೆ ಜೀನ್ಸಿನ ಕೆಲಸ ಒಂದಲ್ಲ ಒಂದು ದಿನ ಬಂದೇ ಬರುತ್ತದೆ. ಕತ್ತರಿಸುವವರು, ಹೊಲಿಯುವವರು, ವಾಷಿಂಗ್ ಯುನಿಟ್‌ನವರು ಎಲ್ಲ ಊರಲ್ಲೇ ಇದ್ದಾರೆ. ನನಗೆ ಬಂದದ್ದು ಕಳೆದ ಬೇಸಿಗೆಯಲ್ಲಿ. ಹೊಸ ಅಂಗಡಿ, ಅವರದೇ ಬ್ರಾಂಡು, ಯಾವ ಪ್ಯಾಂಟಾದರೂ 599 ರೂಪಾಯಿ. ಒಂದೇ ದಿನದಲ್ಲಿ 24 ಪ್ಯಾಂಟಿನ ಫೋಟೋ ಆಗಬೇಕು. ಅಲ್ಲಿಯವರೆಗೆ ನಾನು ತೆಗೆದದ್ದು ಬರೀ ಮದುವೆ, ನಾಮಕರಣ.

ಸಾವ್ಕಾರರಿಗೆ ಹಂಪಿಯ ಆಸೆ. “ಕಲ್ಲಿನ ತೇರಿನ ಮುಂದ ನಿಲ್ಲಿಸಿ ತೆಗಿ ತಮ್ಮಾ” ಎಂದರು. ಸುಮಾರು 60 ಕಿಲೋಮೀಟರ್ ದೂರ. ಜಾಹೀರಾತಿಗಾದರೆ ಪುರಾತತ್ವ ಇಲಾಖೆಯ ಅನುಮತಿಯೂ ಬೇಕು. ಅದೆಲ್ಲ ಇರಲಿ, ಕಲ್ಲಿನ ತೇರು ಹಿಂದಿದ್ದರೆ ಪ್ಯಾಂಟನ್ನು ಯಾರು ನೋಡುತ್ತಾರೆ? ಅವರದೇ ಮನೆಯ ಮಾಳಿಗೆ ಸಾಕೆಂದೆ. ಸುಣ್ಣ ಬಳಿದ ಗೋಡೆ, ದೂರದಲ್ಲಿ ಮಸುಕಾಗಿ ಕೋಟೆ ಗುಡ್ಡ. ಮಾಡೆಲ್‌ಗಳು ಅಂಗಡಿಯ ಸೇಲ್ಸ್ ಹುಡುಗ, ಬಿಲ್ಲು ಹಾಕುವ ಹುಡುಗಿ.

ಬೆಳಿಗ್ಗೆ ಆರಕ್ಕೆ ಶುರು. ಒಂಬತ್ತರ ಮೇಲೆ ನಮ್ಮೂರ ಬಿಸಿಲು ಕಣ್ಣಿನ ಕೆಳಗೆ ಕಪ್ಪು ಗುಂಡಿ ತೋಡುತ್ತದೆ. ಆಗ ಬಿಳಿ ಪಂಚೆಯನ್ನು ನಾಲ್ಕು ಗಳಕ್ಕೆ ಕಟ್ಟಿ ಚಪ್ಪರ ಮಾಡಿದೆವು, ಬೆಳಕು ಮುಖಕ್ಕೆ ತಿರುಗಲೆಂದು ಪಕ್ಕಕ್ಕೊಂದು ಥರ್ಮಾಕೋಲ್ ಹಿಡಿದೆವು. ನಿಜವಾಗಿ ಕಾಡಿದ್ದು ಬಣ್ಣ. ಮೂರು ಥರದ ವಾಷ್, ಮೂರು ನೀಲಿ. ಕ್ಯಾಮೆರಾದ ಪಾಡಿಗೆ ಬಿಟ್ಟರೆ ಒಂದೇ ಪ್ಯಾಂಟು ಒಂದು ಫ್ರೇಮಿನಲ್ಲಿ ನೇರಳೆ, ಇನ್ನೊಂದರಲ್ಲಿ ಹಸಿರುಗಟ್ಟಿದ ನೀಲಿ. ಬೆಳಕು ಬದಲಾದಾಗಲೆಲ್ಲ ಗ್ರೇ ಕಾರ್ಡ್, ಅಂದರೆ ಬೂದು ಬಣ್ಣದ ರಟ್ಟು, ಹಿಡಿಸಿ ಒಂದು ಫ್ರೇಮ್ ತೆಗೆದು, ಅದನ್ನು ನೋಡಿಕೊಂಡು ವೈಟ್ ಬ್ಯಾಲೆನ್ಸ್, ಅಂದರೆ ಬಣ್ಣ ಸರಿಮಾಡುವ ಸೆಟ್ಟಿಂಗು, ಕೂರಿಸಿದೆ. ಕಪ್ಪು ಜೀನ್ಸಿನದು ಬೇರೆ ಗೋಳು. ಫ್ರೇಮಿನ ತುಂಬ ಕಪ್ಪೇ ಇದ್ದರೆ ಕ್ಯಾಮೆರಾ ಅದನ್ನು ಬೂದು ಬಣ್ಣ ಮಾಡಿಬಿಡುತ್ತದೆ. ಎಕ್ಸ್‌ಪೋಷರ್, ಅಂದರೆ ಕ್ಯಾಮೆರಾದೊಳಗೆ ಬಿಡುವ ಬೆಳಕು, ಇಳಿಸಿದಾಗಲೇ ಕಪ್ಪು ಕಪ್ಪಾಗಿದ್ದು.

ತಪ್ಪಿದ್ದು ಇನ್ನೊಂದು ಕಡೆ. ಸ್ಯಾಂಪಲ್ ಎಲ್ಲ 32ರ ಸೊಂಟದ್ದು, ಹುಡುಗನದು 30. ಸೊಂಟಕ್ಕೆ ಹಿಂದಿನಿಂದ ಎರಡು ಕ್ಲಿಪ್ಪು, ತೊಡೆಗೆ ಒಂದೊಂದು. ಮುಂದಿನಿಂದ ನೋಡಿದರೆ ಅಳತೆ ಕೊಟ್ಟು ಹೊಲಿಸಿದ ಹಾಗೆ! ಫೋಟೋಗ್ರಾಫರುಗಳೆಲ್ಲ ಮಾಡುವುದೇ, ನನಗೇನೂ ಅನಿಸಲಿಲ್ಲ.

ಫ್ಲೆಕ್ಸ್ ಕಟ್ಟಿದ ಎರಡು ವಾರಕ್ಕೆ ಅದೇ ಹುಡುಗ ಸ್ಟುಡಿಯೋಗೆ ಬಂದ. “ಅಣ್ಣಾ, ತಮ್ಮ ಸೈಜೇ ಹಾಕ್ಕೊಂಡ್ರೂ ತೊಡಿ ಸಡಿಲ ಐತಿ ಅಂತಾರ. ಫೋಟೋದಾಗ ಹಿಂಗಿಲ್ಲಲ್ಲ ಅಂತ ನನ್ನೇ ಕೇಳ್ತಾರ. ಫೋಟೋದಾಗ ಇರೋನೂ ನಾನ, ಏನಂತ ಹೇಳ್ಲಿ?”

ದಸರಾ ಹೊತ್ತಿಗೆ ಮತ್ತೆ ಕರೆ ಬಂತು. ಈ ಸಲ ಹುಡುಗನ ಅಳತೆಯ ಪ್ಯಾಂಟು ಮೊದಲೇ ತರಿಸಿದೆ, ಕ್ಲಿಪ್ಪಿನ ಡಬ್ಬಿ ಮನೆಯಲ್ಲೇ ಬಿಟ್ಟೆ, ಹಿಂಬದಿಯ ಫೋಟೋವನ್ನೂ ತೆಗೆದೆ. ಸಾವ್ಕಾರರು ಲ್ಯಾಪ್‌ಟಾಪ್ ನೋಡಿ ಮುಖ ಗಂಟಿಕ್ಕಿದರು. “ತೊಡಿ ಸಡಿಲ ಕಾಣಸ್ತೈತಲ್ಲೋ?”

“ಸಡಿಲ ಐತಿ ಸಾವ್ಕಾರ್ರೇ, ಅದಕ್ಕ ಕಾಣಸ್ತೈತಿ” ಎಂದೆ.

ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಫೋನ್ ತೆಗೆದು ಕಟಿಂಗ್ ಮಾಸ್ತರಿಗೆ ಹಚ್ಚಿದರು, ತೊಡೆಗೆ ಅರ್ಧ ಇಂಚು ಕಡಿಮೆ ಮಾಡಲು.