ಮಾತು ಬೇರೆಯವರದು, ಹೆಜ್ಜೆ ನನ್ನದು

ಪ್ಯಾರಿಸ್ಸಿನಲ್ಲಿ ನನ್ನ ಕೆಲಸಕ್ಕೆ ಬ್ರುಯಿತರ್ ಅನ್ನುತ್ತಾರೆ. ಬ್ರುಯಿ ಅಂದರೆ ಸದ್ದು. ಪರದೆಯ ಮೇಲೆ ಯಾರೋ ನಡೆಯುತ್ತಾರೆ, ಕೋಟು ಬಿಚ್ಚುತ್ತಾರೆ, ಕಾಫಿ ಕಪ್ಪು ಕೆಳಗಿಡುತ್ತಾರೆ. ಆ ಸದ್ದುಗಳನ್ನು ನಾನು ಸ್ಟುಡಿಯೋದಲ್ಲಿ ಮತ್ತೆ ಹುಟ್ಟಿಸುತ್ತೇನೆ. ನಮ್ಮ ಕಡೆ ಇದನ್ನೇ ಫೋಲಿ ಅನ್ನುವುದು.

ಫ್ರೆಂಚ್ ಸಿನಿಮಾದವರಿಗೆ ಶೂಟಿಂಗ್ ಜಾಗದಲ್ಲೇ ಹಿಡಿದ ಸದ್ದಿನ ಮೇಲೆ ಬಹಳ ಪ್ರೀತಿ. ಹಾಗಾದರೆ ನಾನು ಯಾಕೆ ಬೇಕು, ಅಲ್ವಾ? ಶುರುವಿನಲ್ಲಿ ನನಗೂ ಅರ್ಥವಾಗಿರಲಿಲ್ಲ. ಉತ್ತರ ‘ವೇ ಈ’ಯಲ್ಲಿದೆ. ಅಂದರೆ ಹೊರದೇಶಕ್ಕೆ ಕಳಿಸುವ, ಮಾತಿಲ್ಲದ ಸೌಂಡ್‌ಟ್ರ್ಯಾಕ್. ಜರ್ಮನಿಯಲ್ಲೋ ಇಟಲಿಯಲ್ಲೋ ಡಬ್ ಮಾಡುವಾಗ ಫ್ರೆಂಚ್ ಮಾತನ್ನು ತೆಗೆದುಹಾಕುತ್ತಾರೆ. ಮಾತಿನ ಜೊತೆ ಅದೇ ಮೈಕಿಗೆ ಬಿದ್ದ ಹೆಜ್ಜೆ, ಬಟ್ಟೆ, ಬಾಗಿಲು ಎಲ್ಲವೂ ಹೋಗುತ್ತವೆ. ಆ ಖಾಲಿ ಜಾಗ ತುಂಬಬೇಕಾದವರು ನಾವು.

ಸ್ಟುಡಿಯೋದ ನೆಲದಲ್ಲಿ ಮರ, ಕಲ್ಲು, ಜಲ್ಲಿ, ಮಣ್ಣು ಪಕ್ಕಪಕ್ಕದಲ್ಲೇ ಇರುತ್ತವೆ. ಮೈಮೇಲೆ ಹತ್ತಿ ಬಟ್ಟೆಯೇ ಇರಬೇಕು, ನೈಲಾನ್ ಆದರೆ ಅದರ ಸರಸರವೂ ರೆಕಾರ್ಡ್ ಆಗುತ್ತದೆ. ಹಿಮದ ಮೇಲೆ ನಡೆಯಬೇಕಾದರೆ ಆಲೂಗಡ್ಡೆ ಪಿಷ್ಟ ತುಂಬಿದ ಚೀಲ ಹಿಸುಕುತ್ತೇನೆ. ನಟನ ಪಾದ ಫ್ರೇಮಿನಲ್ಲಿ ಕಾಣುವುದೇ ಅಪರೂಪ. ಅದಕ್ಕೆ ಭುಜ ನೋಡು ಅಂತ ಗುರುಗಳು ಹೇಳಿಕೊಟ್ಟರು. ಭುಜ ಇಳಿದಾಗ ಹೆಜ್ಜೆ ಬೀಳುತ್ತದೆ. ದಣಿದವರ ಭುಜ ಬೇರೆ, ಸಿಟ್ಟಿನವರದು ಬೇರೆ. ಇದು ಕಣ್ಣಿಗೆ ಹತ್ತಲು ನನಗೆ ಎರಡು ವರ್ಷ ಬೇಕಾಯಿತು.

ಒಮ್ಮೆ ಹಳೆ ಪ್ಯಾರಿಸ್ ಮನೆಯ ಕಥೆ ಬಂತು. ಓಕ್ ಮರದ ನೆಲ. ಹೆಜ್ಜೆಗಳನ್ನು ಬಹಳ ಶುದ್ಧವಾಗಿ ಮಾಡಿಕೊಟ್ಟೆ. ಮಿಕ್ಸಿಂಗ್‌ನಲ್ಲಿ ಕೇಳಿದರೆ ಮನೆ ಹೊಸದಾಗಿಬಿಟ್ಟಿತ್ತು! ಆ ಮನೆಗಳ ಹಲಗೆ ಒಣಗಿ ಸಡಿಲವಾಗಿರುತ್ತದೆ, ಕಾಲಿಟ್ಟರೆ ಕಿರ್ ಅನ್ನುತ್ತದೆ. ನಾನು ಅದನ್ನೇ ಬಿಟ್ಟಿದ್ದೆ. ಹಳೆ ಮರದ ಕುರ್ಚಿಯೊಂದನ್ನು ತಂದು, ಅದರ ಮೇಲೆ ಭಾರ ಹಾಕಿ, ಇಡೀ ರೀಲು ಮತ್ತೆ ಮಾಡಿದೆ. ಪ್ರತಿ ಹೆಜ್ಜೆಗೂ ಕಿರ್ ಹಾಕಲಿಲ್ಲ. ಅಜ್ಜಿ ಮಲಗಿದ್ದ ಕೋಣೆ ದಾಟುವಾಗ ಮಾತ್ರ ಜಾಸ್ತಿ.

ನಮ್ಮದು ತಿಂಗಳ ಸಂಬಳದ ಕೆಲಸವಲ್ಲ. ಇಲ್ಲಿ ಸಿನಿಮಾ ಕೆಲಸಗಾರರಿಗೆ 12 ತಿಂಗಳಲ್ಲಿ 507 ಗಂಟೆ ದುಡಿದ ಲೆಕ್ಕವಿದ್ದರೆ, ಕೆಲಸವಿಲ್ಲದ ದಿನಗಳಿಗೆ ಭತ್ಯೆ ಸಿಗುತ್ತದೆ. ಬರಬಯಸುವವರು ಆ ಸಂಖ್ಯೆಯನ್ನು ಮೊದಲೇ ತಿಳಿದಿರಲಿ.

ಕಳೆದ ಚಳಿಗಾಲ ಬರ್ಲಿನ್‌ಗೆ ಹೋದಾಗ, ಆ ಹಳೆ ಮನೆಯ ಸಿನಿಮಾ ಜರ್ಮನ್‌ನಲ್ಲಿ ಓಡುತ್ತಿತ್ತು. ಹೋಗಿ ಕೂತೆ. ಎಲ್ಲರ ದನಿಯೂ ಬದಲಾಗಿತ್ತು. ಹುಡುಗಿ ಅಜ್ಜಿಯ ಕೋಣೆ ದಾಟಿದಳು. ನೆಲ ಕಿರ್ ಅಂದಿತು. ಪಕ್ಕದ ಸೀಟಿನ ಹೆಂಗಸು ಉಸಿರು ಬಿಗಿ ಹಿಡಿದರು.