ಕಬ್ಬಿನ ಬಿಲ್, ಮಗ್ಗದ ಪಗಾರ, ನನ್ನ ಫೈಬರ್ ಲೈನ್

ಬಾಗಲಕೋಟ ಜಿಲ್ಲೆಯ ಮಗ್ಗದ ಊರು ಬನಹಟ್ಟಿಯೊಳಗ ನಾನು ಕೇಬಲ್ ಟಿವಿ ಕೆಲಸಕ್ಕ ಇಳಿದದ್ದು 2003ರಾಗ, ಮೊದಲು ಮಾಮಾನ ಕಂಟ್ರೋಲ್ ರೂಮಿನ್ಯಾಗ ಹುಡುಗನಾಗಿ, ನಾಲ್ಕು ವರ್ಷ ಆದಮ್ಯಾಲ ಸ್ವಂತ ಲೈನ್. ಆವಾಗ ಕಂಬದಿಂದ ಕಂಬಕ್ಕ ದಪ್ಪ ಕರಿ ಕೇಬಲ್, ನಡುವ ಸಿಗ್ನಲ್ ಏರಿಸೋ ಆಂಪ್ಲಿಫೈಯರ್ ಡಬ್ಬಿ, ಮನೀಗೆ ಸಣ್ಣ ಆರ್‌ಜಿ-6 ವೈರ್, ಇಷ್ಟ. ಕರೆಂಟ್ ಹೋತಂದ್ರ ಆಂಪ್ಲಿಫೈಯರ್ ಸತ್ತು ಇಡೀ ಓಣಿಯ ಟಿವಿ ಬಂದ್, ಆದ್ರೂ ಯಾರೂ ಬೈತಿರಲಿಲ್ಲ ಯಾಕಂದ್ರ ಅವರ ಟಿವಿನೂ ಬಂದ್ ಆಗಿರ್ತಿತ್ತು. ತಿಂಗಳಾ ಒಂದನೇ ತಾರೀಖಿನಿಂದ ಹತ್ತರ ತನಕ ಪುಸ್ತಕ ಹಿಡ್ಕೊಂಡು ಮನಿ ಮನಿ ತಿರುಗೋದು, ರೊಕ್ಕ ತರೋದು. 2012ರ ಸುಮಾರಿಗೆ ನನ್ನ ಕಡೆ 820 ಮನಿ ಇದ್ವು.

ಆಮ್ಯಾಲ ಡಿಜಿಟಲ್ ಬಂತು. ನಮ್ಮಂಥ ಊರಿಗೆ ಸೆಟ್ ಟಾಪ್ ಬಾಕ್ಸ್ ಕಡ್ಡಾಯ ಮಾಡಿದ ಗಡುವು 2015ರ ಡಿಸೆಂಬರ್ 31, ಹಳ್ಳಿಗಳಿಗೆ 2017ರ ಮಾರ್ಚ್ ತನಕ. ಬಾಕ್ಸ್ ಹಾಕೋ ಹೊತ್ತಿನ್ಯಾಗ ಒಂದಿಷ್ಟು ಮಂದಿ ಡಿಶ್ ಹಚ್ಚಿಸಿದ್ರು, ತಿಂಗಳಾ ರೊಕ್ಕ ಇಲ್ಲದ ಡಿಡಿ ಫ್ರೀ ಡಿಶ್ ಕಡೆ ತ್ವಾಟದ ಮನಿಯವರು ಭಾಳ ಹೋದ್ರು. 2016ರ ಸೆಪ್ಟೆಂಬರ್‌ದಾಗ ಜಿಯೋ ಬಂದ ಮ್ಯಾಲ ಹುಡುಗೂರು ಟಿವಿ ಮುಂದ ಕೂಡೋದು ಬಿಟ್ಟ ಬಿಟ್ರು. 2019ರ ಫೆಬ್ರವರಿಗೆ ಟಿವಿ, ಫೋನ್ ದರ ನೋಡ್ಕೊಳ್ಳೋ ಸರ್ಕಾರದ ಟ್ರಾಯ್ ಸಂಸ್ಥೆಯ ಹೊಸ ದರ ಜಾರಿ ಆದಾಗ ನನ್ನ ಕಡೆ ಉಳಿದಿದ್ದು 410 ಮನಿ.

ಆ ಹೊಸ ದರದ ಲೆಕ್ಕ ಹೇಳ್ತೇನಿ, ಯಾಕಂದ್ರ ನನ್ನ ಕಣ್ಣು ತೆರೆದದ್ದ ಆ ಲೆಕ್ಕ. ಆವಾಗ ಮೊದಲ ನೂರು ಚಾನೆಲ್ಲಿಗೆ ನೆಟ್‌ವರ್ಕ್ ಫೀ 130 ರೂಪಾಯಿ, 18 ಪರ್ಸೆಂಟ್ ಜಿಎಸ್‌ಟಿ ಸೇರಿ 153 ರೂಪಾಯಿ 40 ಪೈಸೆ. ಬ್ಯಾರೆ ಒಪ್ಪಂದ ಆಗಿಲ್ಲಂದ್ರ ಈ 130ರಾಗ ಮ್ಯಾಲಿನ ಎಂಎಸ್‌ಓಗೆ, ಅಂದ್ರ ನಮಗ ಸಿಗ್ನಲ್ ಕೊಡೋ ದೊಡ್ಡ ಕೇಬಲ್ ಕಂಪನಿಗೆ, ನೂರಕ್ಕ 55 ಪಾಲು, ನಮ್ಮಂಥ ಲೋಕಲ್ ಆಪರೇಟರ್‌ಗೆ 45 ಪಾಲು. ಅಂದ್ರ ನನಗೆ ಒಂದ ಮನಿಗೆ 58 ರೂಪಾಯಿ 50 ಪೈಸೆ. ಪೇ ಚಾನೆಲ್ ಮ್ಯಾಲ ಸ್ವಲ್ಪ ಪಾಲು ಬರತೈತಿ, ಅದು ದೊಡ್ಡದಲ್ಲ. 410 ಮನಿಗೆ ಹೆಚ್ಚು ಕಡಿಮಿ 24 ಸಾವಿರ. ಅದರಾಗ ಇಬ್ಬರು ಹುಡುಗರ ಪಗಾರ, ಕಂಬದ ಬಾಡಿಗಿ, ಪೆಟ್ರೋಲ್, ಸುಟ್ಟ ಆಂಪ್ಲಿಫೈಯರ್. ರಾತ್ರಿ ಪುಸ್ತಕ ತಗದು ನೋಡಿದ್ರ ನನ್ನ ಕೈಯಾಗ ಏನೂ ಉಳೀತಿರಲಿಲ್ಲ.

ಅದ ವರ್ಷ ಆಗಸ್ಟ್‌ನಾಗ ಕೃಷ್ಣಾ ನದಿ ಮಹಾಪೂರ. ಹೊಳಿ ಕಡೆ ಹಾಕಿದ್ದ ನನ್ನ ಲೈನ್ ಪೂರ್ತಿ ನೀರಿನ್ಯಾಗ. ನೀರು ಇಳಿದ ಮ್ಯಾಲ ಹೋಗಿ ನೋಡಿದ್ರ ಕರಿ ಕೇಬಲ್ಲಿನ ಒಳಗ ಕೆಸರು ಹೊಕ್ಕಿತ್ತು, 9 ಆಂಪ್ಲಿಫೈಯರ್ ಬಿಚ್ಚಿದ್ರ ಒಳಗಿಂದ ನೀರು ಸುರೀತು. ಅವನ್ನ ಮತ್ತ ಖರೀದಿ ಮಾಡೋದಾ ಅಂತ ಎರಡು ದಿನ ವಿಚಾರ ಮಾಡಿದೆ. ಸೊಸೈಟಿಯೊಳಗ ಸಾಲ ಎತ್ತಿ, ತಾಮ್ರದ ಬದಲಿ ಫೈಬರ್ ಎಳದೆ. ಒಂದ ಇಂಟರ್ನೆಟ್ ಕಂಪನಿಯ ಫ್ರಾಂಚೈಸಿ ತಗೊಂಡೆ: ಊರಿನ ತನಕ ಬ್ಯಾಂಡ್‌ವಿಡ್ತ್ ಅವರದು, ಊರೊಳಗಿನ ಲೈನ್, ರಿಪೇರಿ, ವಸೂಲಿ ನಂದು, ಜಿಎಸ್‌ಟಿ ಬಿಟ್ಟು ಉಳಿದಿದ್ದು ಅರ್ಧಕ್ಕರ್ಧ. 500ರ ಪ್ಲ್ಯಾನ್ (ಜಿಎಸ್‌ಟಿ ಸೇರಿ ಗಿರಾಕಿಗೆ 590) ಅಂದ್ರ ನನಗೆ 250. ಒಂದ ನೆಟ್ ಮನಿ ಅಂದ್ರ ನಾಲ್ಕು ಕೇಬಲ್ ಮನಿ, ಮ್ಯಾಲ ಚೂರು ಉಳಿತಾಯ ಬ್ಯಾರೆ. ಇದನ್ನ ನಮ್ಮ ಕೇಬಲ್ ಗೆಳೆಯರಿಗೆ ಎಷ್ಟು ಸಲ ಹೇಳೇನೋ ಲೆಕ್ಕಿಲ್ಲ, ಕೇಬಲ್ ಮನಿ ಹೋತು ಅಂತ ಕುಂತು ಅಳಬ್ಯಾಡ್ರಿ, ಅದ ಮನಿ ಬಾಗಿಲಿಗೆ ಇನ್ನೊಂದು ವೈರ್ ತಗೊಂಡು ಹೋಗ್ರಿ ಅಂತ.

ಫೈಬರ್ ಕಲಿಯಾಕ ಆರು ತಿಂಗಳು ಹಿಡೀತು. ಅಂಗಡಿಯೊಳಗ ಓಎಲ್‌ಟಿ, ಅಂದ್ರ ಎಲ್ಲಾ ಮನಿಗೂ ಬೆಳಕಿನ್ಯಾಗ ನೆಟ್ ಕಳಿಸೋ ಮುಖ್ಯ ಮಶೀನ್, ಅಲ್ಲಿಂದ ಒಂದ ಎಳಿ ಓಣಿಗೆ, ಓಣಿ ಬಾಯಾಗ ಬೆಳಕು ಹಂಚೋ ಒಂದಕ್ಕ ಎಂಟರ ಸ್ಪ್ಲಿಟರ್, ಮುಂದ ಮತ್ತ ಒಂದಕ್ಕ ಎಂಟು, ಹಿಂಗ ಒಂದ ಪೋರ್ಟಿಗೆ 64 ಮನಿ. ಡಿಬಿ ಅಂದ್ರ ಬೆಳಕಿನ ಬಲದ ಅಳತಿ, ಪ್ರತಿ ಸ್ಪ್ಲಿಟರ್ ಹತ್ತು ಹತ್ತೂವರಿ ಡಿಬಿ ತಿಂತೈತಿ. ಮನ್ಯಾಗ ಪವರ್ ಮೀಟರ್ ಹಿಡದ್ರ ಮೈನಸ್ 19, 20 ಬಂದ್ರ ಚೊಲೋ, ಮೈನಸ್ 27 ಮುಟ್ಟಿದ್ರ ಇವತ್ತಲ್ಲ ನಾಳೆ ಕಂಪ್ಲೇಂಟ್ ಬರತೈತಿ ಅಂತ ಗ್ಯಾರಂಟಿ. ಇನ್ನೊಂದು ಅನುಕೂಲ ಏನಂದ್ರ ಒಂದ ಎಳಿಯೊಳಗ ಬ್ಯಾರೆ ಬ್ಯಾರೆ ತರಂಗದ ಮೂರು ಬೆಳಕು ಹೊಕ್ಕಾವು, ನೆಟ್ ಬರೋದು 1490 ನ್ಯಾನೋಮೀಟರ್‌ದಾಗ, ಹೋಗೋದು 1310ದಾಗ, ಟಿವಿ 1550ದಾಗ. ಹಂಗಾಗಿ ಕೇಬಲ್ ಟಿವಿನೂ ಅದರ ಮ್ಯಾಲ ಕೂಡಿಸಿದೆ. ದಾರಿಯೊಳಗ ಎಲ್ಲಿಯೂ ಕರೆಂಟ್ ಬೇಕಾಗಿಲ್ಲ.

2020ರ ಮಾರ್ಚ್‌ಗೆ ಲಾಕ್‌ಡೌನ್ ಬಿದ್ದಾಗ ಲೈನ್ ಹೊಸದು, 46 ಮನಿ ಅಷ್ಟ. ಸಾಲಿ ಆನ್‌ಲೈನ್ ಆದ್ವು, ಬೆಂಗಳೂರು ಪುಣೆಯಾಗ ಕೆಲಸ ಮಾಡೋ ಹುಡುಗೂರು ಲ್ಯಾಪ್‌ಟಾಪ್ ಹಿಡ್ಕೊಂಡು ಊರಿಗೆ ಬಂದ್ರು. ಒಂದೂವರಿ ವರ್ಷದಾಗ 300 ಮನಿ ಆತು, ಅದರ ಬಗ್ಗೆ ನಾನು ದೊಡ್ಡ ಮಾತು ಆಡಂಗಿಲ್ಲ, ಆ ಹೊತ್ತಿನ್ಯಾಗ ಯಾರು ಲೈನ್ ಎಳದಿದ್ರೂ ಬೆಳೀತಿದ್ರು.

ಖರೇ ಪರೀಕ್ಷೆ ಆಮ್ಯಾಲ. ದೊಡ್ಡ ಊರುಗಳೊಳಗ 2020ರಾಗನ 399ರ ಪ್ಲ್ಯಾನ್ ಬಂದಿತ್ತು, ನಮ್ಮ ಊರಿಗೆ ಅಂಥಾ ರೇಟಿನವರು ಬಂದು ಕಂಬ ಹತ್ತಿದಾಗ, ಜೊತಿಗೆ ಇನ್ನೊಬ್ಬ ಲೋಕಲ್‌ನವರು ಮೊದಲ ಎರಡು ತಿಂಗಳು ಫ್ರೀ ಅಂತ ಮೈಕ್ ಕಟ್ಟಿ ರಿಕ್ಷಾ ತಿರುಗಿಸಿದಾಗ, ಎರಡು ತಿಂಗಳಾಗ ನನ್ನ 70 ಮನಿ ಹೋದ್ವು. ನನಗೆ ನಿದ್ದಿ ಹತ್ತವಲ್ದು. ಎಲ್ಲಾರೂ ಮಾಡೋದನ್ನ ನಾನೂ ಮಾಡಿದೆ, 500ರ ಪ್ಲ್ಯಾನ್ 400ಕ್ಕ ಇಳಿಸಿದೆ. ಒಬ್ಬರಿಗೆ ಇಳಿಸಿದ್ರ ಓಣಿಗೆಲ್ಲಾ ಗೊತ್ತಾಗತೈತಿ, ಹಂಗಾಗಿ ಮತ್ತ ಎಲ್ಲಾರಿಗೂ ಇಳಿಸಬೇಕಾತು. 22 ಮನಿ ಹೊಸದಾಗಿ ಬಂದ್ವು, ಅವುಗಳಿಂದ ನನ್ನ ಪಾಲು 4,400. ಆದ್ರ ಇದ್ದ ಮನಿಗಳ ಮ್ಯಾಲ ಮನಿಗೆ 50 ರೂಪಾಯಿಯಂಗ 11,500 ಕಳಕೊಂಡೆ. ಮೂರು ತಿಂಗಳು ಇದ ನಡೀತು.

ಆಮ್ಯಾಲ ಒಂದ ನೋಟ್‌ಬುಕ್ ತಗೊಂಡು ಬಿಟ್ಟು ಹೋದ ಮನಿಗಳಿಗೇ ಹೋದೆ. ವ್ಯಾಪಾರ ಕೇಳಾಕಲ್ಲ, ಯಾಕ ಬಿಟ್ರಿ ಅಂತ ಕೇಳಾಕ. 52 ಮನಿಯವರು ಮಾತಾಡಿದ್ರು. ರೇಟ್ ಸಲುವಾಗಿ ಬಿಟ್ವಿ ಅಂದವರು 14 ಮಂದಿ. 19 ಮಂದಿ ಹೇಳಿದ್ದು, ಕಂಪ್ಲೇಂಟ್ ಕೊಟ್ರ ನಿಮ್ಮ ಹುಡುಗ ಎರಡು ದಿನಕ್ಕ ಬರ್ತಾನ. 8 ಮನ್ಯಾಗ ಒಳಗಿನ ಖೋಲಿಗೆ ವೈಫೈ ಮುಟ್ಟತಿರಲಿಲ್ಲ, ಹಳೇ ಕಲ್ಲಿನ ಗ್ವಾಡಿ, 5 ಗಿಗಾಹರ್ಟ್ಸ್ ಸಿಗ್ನಲ್ ಒಂದ ಗ್ವಾಡಿ ದಾಟೂದ ಕಷ್ಟ. ಉಳಿದ 11 ಮಂದಿ ಹೇಳಿದ್ದು ನಾನು ಎಂದೂ ವಿಚಾರ ಮಾಡದ ಮಾತು. ಒಬ್ಬ ಅಜ್ಜ ಮಗ್ಗ ನಿಲ್ಲಿಸಿ ಹೊರಗ ಬಂದು ಹೇಳಿದ, "ತಮ್ಮಾ, ನಿನ್ನ ನೆಟ್ಟಿಗೆ ಏನೂ ಹೆಸರಿಡಂಗಿಲ್ಲಪಾ. ಆದ್ರ ನಮಗ ಪಗಾರ ವಾರಕ್ಕ. 590 ಒಮ್ಮೆಲೆ ಕೊಡು ಅಂದ್ರ ಎಲ್ಲಿಂದ ಕೊಡೂಣು? ಒಂದ ದಿನ ತಡ ಆದ್ರ ಕಟ್ ಮಾಡ್ತಿ, ಮೊಮ್ಮಗಳು ಅಳತೈತಿ."

ಆ ಮಾತು ನನ್ನ ಎದಿಯೊಳಗ ಕುಂತ ಬಿಡ್ತು. ನಾನೂ ಇದ ಊರಾಗ ಬೆಳದಂವ, ನಮ್ಮ ಅವ್ವ ಕಿರಾಣಿ ಅಂಗಡಿ ಲೆಕ್ಕ ಪಗಾರದ ದಿನ ಚುಕ್ತಾ ಮಾಡೋದನ್ನ ನೋಡೇನಿ, ಆದ್ರ ಕಂಪನಿಯ ಸಾಫ್ಟ್‌ವೇರ್ ತಿಂಗಳಿಗೆ ಒಮ್ಮೆ ಕಟ್ ಮಾಡತೈತಿ ಅಂತ ನಾನೂ ಹಂಗ ಮಾಡಾಕ ಹತ್ತಿದ್ದೆ.

ಮಗ್ಗದ ಮನಿಗಳಿಗೆ ವಾರಕ್ಕ 150 ಮಾಡಿದೆ. ಪಗಾರ ಆದ ಸಂಜಿಗೆ ಹುಡುಗ ಹೋಗ್ತಾನ, ಕೈಯಾಗ ಕೊಡ್ತಾರ ಇಲ್ಲಾ ಫೋನ್‌ಪೇ ಮಾಡ್ತಾರ. ಇದರಾಗ ಒಂದ ತೊಡಕು ಐತಿ, ಮೊದಲ ತಿಳ್ಕೊಂಡ ಇಳೀರಿ: ಕಂಪನಿ ವಾಲೆಟ್‌ದಾಗ ರಿನ್ಯೂ ಒತ್ತಿದ ಕೂಡಲೆ ಅವರ ಪಾಲು 250, ಜಿಎಸ್‌ಟಿ 90, ಒಟ್ಟು 340 ನನ್ನ ಕೈಯಿಂದ ಮುಂಗಡ ಹೋಗತೈತಿ. 120 ಮನಿಗೆ 40,800. ಈ ರೊಕ್ಕ ಬ್ಯಾರೆ ಖಾತೆಯೊಳಗ ಇಟ್ಟು ಅದನ್ನ ಮನಿ ಖರ್ಚಿಗೆ ಮುಟ್ಟಬಾರದು ಅಂತ ಹೆಂಡತಿಗೆ ಪಾಸ್‌ಬುಕ್ ಕೊಟ್ಟೇನಿ. ಎರಡು ವರ್ಷದಾಗ ಮುಳುಗಿದ್ದು ಬರೇ ಐದಾರು ಮನಿ, ಅವೂ ಊರು ಬಿಟ್ಟು ಹೋದವು.

ಜಗದಾಳ, ನಾವಲಗಿ ಹಳ್ಳಿ ಕಡೆ ಕಬ್ಬಿನ ಮನಿಗಳಿಗೆ ಇದರ ಉಲ್ಟಾ. ಅವರ ಕೈಯಾಗ ರೊಕ್ಕ ಆಡೋದು ಫ್ಯಾಕ್ಟರಿ ಬಿಲ್ ಬಂದಾಗ. ಅವರಿಗೆ ಹನ್ನೊಂದು ತಿಂಗಳ ರೊಕ್ಕಕ್ಕ ಹನ್ನೆರಡು ತಿಂಗಳು, ಜಿಎಸ್‌ಟಿ ಸೇರಿ 6,490. ಬಿಲ್ ಜಮಾ ಆದ ವಾರದಾಗ ಹೋಗಿ ಮಾತಾಡಿಸಿದ್ರ ಕೊಡ್ತಾರ, ಅದಕ್ಕಿಂತ ಮೊದಲ ಹೋಗಿ ಪೀಡಿಸಬಾರದು. ವರ್ಷದ್ದು ಒಮ್ಮೆ ಕೊಟ್ಟ ಮನಿ ನಡುವ ಯಾರ ಮೈಕ್ ಕೇಳಿದ್ರೂ ಹೋಗಂಗಿಲ್ಲ. ರೇಟ್ ಮತ್ತ 500ಕ್ಕ ತಂದೆ, ಸ್ಪೀಡ್ 40ರಿಂದ 60 ಎಂಬಿಪಿಎಸ್ ಮಾಡಿಸಿ. ಮನಿ ಮನಿಗೆ ಹೋಗಿ ನಾನ ಹೇಳಿದೆ, ಹುಡುಗರನ್ನ ಕಳಿಸ್ಲಿಲ್ಲ. ಹೋದವರು 9 ಮನಿ.

ರಿಪೇರಿ ವಿಷಯ. ಮುಂಜಾನೆ ಬಂದ ಕಂಪ್ಲೇಂಟ್ ಮಧ್ಯಾಹ್ನದೊಳಗ, ಸಂಜಿದು ಮರುದಿನ 9ರೊಳಗ ಅಂತ ಕಟ್ಟಳಿ ಹಾಕಿದೆ, ಮೂರನೇ ಹುಡುಗನ್ನ ಇಟ್ಟೆ, ಹರಿದ ಫೈಬರ್ ಜೋಡಿಸೋ ಎರಡನೇ ಸ್ಪ್ಲೈಸಿಂಗ್ ಮಶೀನ್ ತಗೊಂಡೆ. ಮಗ್ಗದ ಮನಿಗಳ ಕಂಪ್ಲೇಂಟ್ ಪದೇ ಪದೇ ಬರ್ತಿದ್ವು, ಹುಡುಗ ಹೋಗಿ ಕನೆಕ್ಟರ್ ತಗದು ಹಾಕಿದ್ರ ಸರಿ ಆಗ್ತಿತ್ತು, ಹದಿನೈದು ದಿನಕ್ಕ ಮತ್ತ ಅದ. ಒಂದಿನ ನಾನ ಹೋದೆ. ಫೈಬರ್ ಬಂದು ಸೇರೋ ಮನಿಯ ಓಎನ್‌ಯು ಡಬ್ಬಿ ಮಗ್ಗದ ಹಿಂದಿನ ಗ್ವಾಡಿಗೆ ಮೊಳಿ ಹೊಡದು ಹಾಕಿದ್ರು, ಬೆಳಕು ಸರಿಯಾಗಿ ಬರವಲ್ದು ಅಂತ ತೋರಿಸೋ ಎಲ್‌ಓಎಸ್ ಕೆಂಪು ದೀಪ ಮಿಣಿಮಿಣಿ ಅಂತಿತ್ತು. ಹಸಿರು ಕನೆಕ್ಟರ್ ತಗದು ಬಿಸಿಲಿಗೆ ಹಿಡದು ನೋಡಿದ್ರ ತುದಿಗೆ ಅರಳಿಯ ಸಣ್ಣ ಎಳಿ ಅಂಟಿತ್ತು, ನೂಲಿನ ಧೂಳು. ಪವರ್ ಮೀಟರ್ ಮೈನಸ್ 28. ಸ್ಪಿರಿಟ್ ಹಚ್ಚಿದ ಬಟ್ಟಿಲೆ ಒರಸಿದೆ, ಮೈನಸ್ 23. ಇನ್ನೂ ಮೂರು ಡಿಬಿ ಎಲ್ಲಿ ಹೋತು ಅಂತ ಕೆಂಪು ಬೆಳಕಿನ ಪೆನ್ ಹಚ್ಚಿ ಲೈನ್ ಹಿಡ್ಕೊಂಡು ಹೋದ್ರ, ಬಾಗಿಲ ಮ್ಯಾಲ ಉಳಿದ ಕೇಬಲ್ಲನ್ನ ಕೈಬಳಿಯಷ್ಟು ಸಣ್ಣಗ ಸುತ್ತಿ ಮೊಳಿಗೆ ಹಾಕಿದ್ರು, ಆ ಸುತ್ತಿನ್ಯಾಗ ಸಿಪ್ಪಿ ಮ್ಯಾಲಿಂದ ಕೆಂಪು ಬೆಳಕು ಸೋರಾಕ ಹತ್ತಿತ್ತು. ಬಿಚ್ಚಿ ತಾಟಿನಷ್ಟು ಅಗಲ ಸುತ್ತಿದೆ, ಮೈನಸ್ 20. ಅವತ್ತಿಂದ ಮಗ್ಗದ ಮನ್ಯಾಗ ಡಬ್ಬಿ ಮಗ್ಗದ ಖೋಲಿಯೊಳಗ ಹಾಕಂಗಿಲ್ಲ, ಹತ್ತು ಹದಿನೈದು ಮೀಟರ್ ಕೇಬಲ್ ಹೆಚ್ಚಿಗೆ ಹೋದ್ರೂ ನಡುವಿನ ಖೋಲಿಗೆ ಒಯ್ತೇವಿ. ವೈಫೈ ಮುಟ್ಟದ ತ್ರಾಸೂ ಅದರಿಂದ ಅರ್ಧ ಹೋತು.

ಕರೆಂಟ್ ಹೋದಾಗ ಮಗ್ಗ ನಿಲ್ತಾವು, ಮಗ್ಗ ನಿಂತ್ರ ಎಲ್ಲಾರ ಕೈಯಾಗೂ ಮೊಬೈಲ್ ಬರತೈತಿ. ಅಂದ್ರ ಜನಕ್ಕ ನೆಟ್ ಬೇಕಾಗೋದ ಕರೆಂಟ್ ಇಲ್ಲದಾಗ. ನನ್ನ ಅಂಗಡಿಯೊಳಗ ಇನ್ವರ್ಟರ್ ಮ್ಯಾಲ ಓಎಲ್‌ಟಿ ಎಂಟು ತಾಸು ನಡೀತೈತಿ, ದಾರಿಯೊಳಗ ಕರೆಂಟಿನ ಗೊಡವಿ ಇಲ್ಲ, ಸಾಯೋದು ಮನಿಯ ಡಬ್ಬಿ ಒಂದ. ಅದಕ್ಕ 12 ವೋಲ್ಟ್‌ನ ಸಣ್ಣ ಯುಪಿಎಸ್ ತರಿಸಿ ಲಾಭ ಇಟ್ಕೊಳ್ಳದ ಅಸಲಿಗೆ ಕೊಟ್ಟೆ, ಬೇಕಂದವರಿಗೆ ಮೂರು ಕಂತು. ಯುಪಿಎಸ್ ಇದ್ದ ಮನ್ಯಾಗಿಂದ ಇಲ್ಲಿ ತನಕ ಬಿಟ್ಟು ಹೋದವರನ್ನ ಒಂದ ಕೈಯಾಗ ಎಣಿಸಬಹುದು. ಊರಿಗೆ ಬರೋ ಮೇನ್ ಲೈನ್ ರಸ್ತೆ ಕೆಲಸದ ಜೆಸಿಬಿಗೆ ಸಿಕ್ಕು ಒಂದ ಸಲ ಹನ್ನೊಂದು ತಾಸು ಬಂದ್ ಆಗಿತ್ತು, ಅದಾದ ಮ್ಯಾಲ ಬ್ಯಾರೆ ದಿಕ್ಕಿನಿಂದ ಎರಡನೇ ಲಿಂಕ್ ತಗೊಂಡೆ. ಖರ್ಚು ಜಾಸ್ತಿ, ಆದ್ರ ಬೇಕ ಬೇಕು.

ಈಗ ನೆಟ್ 530 ಮನಿ, ಕೇಬಲ್ 260. ತಿಂಗಳಿಗೆ ನೆಟ್‌ದಿಂದ ನನ್ನ ಪಾಲು ಹೆಚ್ಚು ಕಡಿಮಿ 1,32,500, ಕೇಬಲ್‌ದಿಂದ 15 ಸಾವಿರದ ಮ್ಯಾಲ. ಸಾಲದ ಕಂತು, ಮೂವರ ಪಗಾರ, ಲಿಂಕ್, ಕಂಬ ಎಲ್ಲಾ ಹೋಗಿ ಮನಿ ಚೊಲೋ ನಡೀತೈತಿ. ಕೇಬಲ್ ನಿಲ್ಲಿಸಂಗಿಲ್ಲ, ವಯಸ್ಸಾದವರು ಇನ್ನೂ ರಿಮೋಟ್‌ದಾಗ ನಂಬರ್ ಒತ್ತಿನ ಚಾನೆಲ್ ನೋಡ್ತಾರ, ಅವರಿಗೆ ಅದು ಬೇಕು.

ಈಗಿನ ಹೊಸ ಪೈಪೋಟಿ 5ಜಿ ಏರ್‌ಫೈಬರ್. ವೈರ್ ಇಲ್ಲದ ಬರತೈತಿ, ತ್ವಾಟದ ಮನಿಗಳಿಗೆ ಅದು ಖರೇನ ಚೊಲೋ, ಎರಡು ಕಿಲೋಮೀಟರ್ ಒಳಗಿನ ಒಂದ ಮನಿಗೆ ನಾನು ಕೇಬಲ್ ಎಳದ್ರ ನನಗ ಪೂರೈಸಂಗಿಲ್ಲ, ಅಂಥವರು ಕೇಳಿದ್ರ ನಾನ ಅದನ್ನ ಹಾಕಿಸ್ಕೊಳ್ರಿ ಅಂತೇನಿ. ಆದ್ರ ಟವರಿನ ರೇಡಿಯೋ ಸುತ್ತಲಿನ ಎಲ್ಲಾ ಮೊಬೈಲ್‌ಗೂ ಹಂಚಿ ಹೋಗಬೇಕು. ಫೈಬರ್‌ದಾಗೂ ಹಂಚಿಕಿ ಐತಿ, ಒಂದ ಪೋರ್ಟಿನ ಎರಡೂವರಿ ಜಿಬಿಪಿಎಸ್ 64 ಮನಿಗೆ, ಆದ್ರ ಒಂದ ಪೋರ್ಟ್ ತುಂಬಾಕ ಹತ್ತಿತಂದ್ರ ಇನ್ನೊಂದು ಪೋರ್ಟಿಗೆ ಅರ್ಧ ಓಣಿ ಬದಲಿಸೋದು ನನ್ನ ಕೈಯಾಗ ಐತಿ. ರಾತ್ರಿ 8ರಿಂದ 11ರ ತನಕ ನಾನು ಗ್ರಾಫ್ ನೋಡ್ಕೋತ ಕೂಡೋದು ಇದಕ್ಕ.

ಫ್ಯಾಕ್ಟರಿ ಶುರು ಆಗಾಕ ಬಂದಾವು. ಕಬ್ಬು ತುಂಬಿದ ಟ್ರ್ಯಾಕ್ಟರ್, ಹಿಂದ ಎರಡು ಟ್ರಾಲಿ, ಮ್ಯಾಲ ಕಬ್ಬಿನ ಸೋಗಿ ಎದ್ದಿರ್ತಾವು, ರಸ್ತೆ ದಾಟೋ ಕೇಬಲ್ ಒಂದ ಗೇಣು ಜೋತ್ರೂ ಹಿಡ್ಕೊಂಡು ಹೋಗತೈತಿ. ಹೋದ ವರ್ಷ ಹಿಂಗ 14 ಸಲ ಹರೀತು, ಅದರಾಗ 9 ಸಲ ನಾವಲಗಿ ರಸ್ತೆಯ ಎರಡ ಕ್ರಾಸಿಂಗ್‌ದಾಗ. ಈ ವಾರ ಆ ಎರಡೂ ಕಡೆ ಕಬ್ಬಿಣದ ಪೈಪ್ ನಿಲ್ಲಿಸಿ ಕೇಬಲ್ 20 ಅಡಿ ಮ್ಯಾಲ ಎತ್ತೋ ಕೆಲಸ ಹಿಡದೇವಿ, ಒಂದ ಕಡೆ ಮುಗದೈತಿ, ಇನ್ನೊಂದು ಕಡೆ ನಾಳೆ ಮುಂಜಾನೆ ಏಣಿ ಹಾಕ್ತೇವಿ.